ಡಿಸ್ಚಾರ್ಜ್ ಸಮ್ಮರಿಯಲ್ಲಿ 'ಎಂ54.5' ಅಂತಿದೆ, ಕ್ಲೇಮ್ ರಿಜೆಕ್ಟ್ ಆಗಿದೆ. ಕೋಡ್ ಬದಲಾಯಿಸಿಕೊಳ್ಳಲಾ?

ಪ್ರಶ್ನೆ: ನಮಸ್ಕಾರ ಮೇಡಂ. ನನ್ನ ಊರು ಗಂಗಾವತಿ, ವಯಸ್ಸು 38. ಅಕ್ಕಿ ಮಿಲ್ಲಿನಲ್ಲಿ ಲೆಕ್ಕ ಬರೆಯುತ್ತೇನೆ. ಲೋಡು ಜಾಸ್ತಿ ಇದ್ದ ದಿನ ಹಮಾಲರ ಜೊತೆ ಚೀಲಕ್ಕೂ ಕೈ ಹಾಕುತ್ತೇನೆ. ಹೋದ ತಿಂಗಳು ಹಾಗೆ ಚೀಲ ಎತ್ತುವಾಗ ನಡ ಹಿಡಿದುಕೊಂಡಿತು. ಮೂರು ದಿನ ಮಾತ್ರೆ, ಮುಲಾಮು ಎಲ್ಲ ಆಯಿತು, ಎದ್ದು ನಿಲ್ಲೋಕೇ ಆಗಲಿಲ್ಲ. ಬಳ್ಳಾರಿಯ ಒಂದು ಖಾಸಗಿ ಆಸ್ಪತ್ರೆಯಲ್ಲಿ ಎರಡು ದಿನ ಅಡ್ಮಿಟ್ ಆಗಿದ್ದೆ. ಇಂಜೆಕ್ಷನ್ ಕೊಟ್ಟರು, ಎಂಆರ್‌ಐ ಮಾಡಿಸಿದರು. ರಿಪೋರ್ಟಿನಲ್ಲಿ 'ಎಲ್4-ಎಲ್5 ಮೈಲ್ಡ್ ಡಿಸ್ಕ್ ಬಲ್ಜ್' ಅಂತ ಇದೆ. ಆದರೆ ಡಿಸ್ಚಾರ್ಜ್ ಸಮ್ಮರಿಯಲ್ಲಿ 'ಲೋ ಬ್ಯಾಕ್ ಪೇನ್, ಎಂ54.5' ಅಂತ ಮಾತ್ರ ಬರೆದಿದ್ದಾರೆ. 14 ತಿಂಗಳ ಹಿಂದೆ ಮಾಡಿಸಿದ ಹೆಲ್ತ್ ಇನ್ಶೂರೆನ್ಸ್ ಇದೆ. ಬರೀ ಪರೀಕ್ಷೆಗೋಸ್ಕರ ಅಡ್ಮಿಟ್ ಆಗಿದ್ದೀರಿ ಅಂತ ಹೇಳಿ, ಎಕ್ಸ್‌ಕ್ಲೂಷನ್ ಕೋಡ್ 04 ಹಾಕಿ ಕ್ಲೇಮ್ ರಿಜೆಕ್ಟ್ ಮಾಡಿದರು. ನನ್ನ ಅಳಿಯ ಇಂಟರ್‌ನೆಟ್ಟಿನಲ್ಲಿ ನೋಡಿ, ಎಂ54.5 ಕೋಡ್ 2021ರಲ್ಲೇ ರದ್ದಾಗಿದೆ, ಆಸ್ಪತ್ರೆಯವರು ತಪ್ಪು ಕೋಡ್ ಹಾಕಿದ್ದಾರೆ ಅನ್ನುತ್ತಾನೆ. ಬಿಲ್ಲಿಂಗ್ ಕೌಂಟರಿನಲ್ಲಿ ಒಬ್ಬರು 'ಡಿಸ್ಕ್ ಅಂತ ಬದಲಾಯಿಸಿ ಕೊಡಿಸ್ತೀನಿ, ಪಾಸಾಗುತ್ತೆ' ಅಂದರು. ಡಾಕ್ಟರ್‌ಗೆ ನನ್ನ ಕಾಯಿಲೆ ಏನು ಅಂತಲೇ ಗೊತ್ತಾಗಲಿಲ್ಲವಾ? ಕೋಡ್ ಬದಲಾಯಿಸಿಕೊಳ್ಳಲಾ? ಒಂದೆರಡು ಸಲ ಬಲಗಾಲು ಜುಮ್ ಅಂದಿತ್ತು, ಅದನ್ನು ಡಾಕ್ಟರ್‌ಗೆ ಹೇಳಿದ ನೆನಪಿಲ್ಲ. ಮುಂದೆ ಪಾಲಿಸಿ ರಿನ್ಯೂ ಮಾಡುವಾಗ ಇದರಿಂದ ತೊಂದರೆ ಆಗುತ್ತಾ?

ಉತ್ತರ: ನಾನು ಡಾಕ್ಟರ್ ಅಲ್ಲ. ಆಸ್ಪತ್ರೆಯ ಮೆಡಿಕಲ್ ರೆಕಾರ್ಡ್ಸ್ ವಿಭಾಗದಲ್ಲಿ ಕೇಸ್ ಶೀಟ್, ಅಂದರೆ ಅಡ್ಮಿಟ್ ಆದ ರೋಗಿಯ ಪೂರ್ತಿ ಫೈಲು ಓದಿ, ಡಾಕ್ಟರ್ ಬರೆದ ಕಾಯಿಲೆಗೆ ಪಟ್ಟಿಯಲ್ಲಿರುವ ಕೋಡ್ ಹಾಕುವುದು ನನ್ನ ಕೆಲಸ. ಸೊಂಟ ನೋವಿನ ಫೈಲು ನಮ್ಮ ಟೇಬಲ್ಲಿಗೆ ಬಾರದ ದಿನವೇ ಇಲ್ಲ. ಮಿಲ್ಲಿನ ಹಮಾಲರು, ಬಳ್ಳಾರಿಯ ಜೀನ್ಸ್ ಯೂನಿಟ್‌ಗಳಲ್ಲಿ ದಿನಪೂರ್ತಿ ಬಗ್ಗಿ ಹೊಲಿಯುವವರು, ಭತ್ತದ ನಾಟಿ ಮಾಡುವ ಹೆಣ್ಣುಮಕ್ಕಳು, ಅದಿರಿನ ಲಾರಿ ಡ್ರೈವರ್‌ಗಳು, ಎಲ್ಲರ ಫೈಲೂ ಬರುತ್ತೆ. ಮುಕ್ಕಾಲು ಫೈಲುಗಳಿಗೆ ನಿಮ್ಮ ಸಮ್ಮರಿಯಲ್ಲಿರುವ ಕೋಡೇ ಬೀಳುತ್ತೆ.

ಮೊದಲು ನಿಮ್ಮ ಮನಸ್ಸನ್ನು ಕೊರೆಯುತ್ತಿರುವ ಪ್ರಶ್ನೆ ತಗೊಳ್ಳೋಣ. ಡಾಕ್ಟರ್‌ಗೆ ಗೊತ್ತಾಗಲಿಲ್ಲ ಅಂತ ಈ ಕೋಡ್ ಹೇಳುತ್ತಿಲ್ಲ. ಸೊಂಟದಲ್ಲಿ ಸ್ನಾಯು, ಕೀಲು, ಡಿಸ್ಕ್, ಅವನ್ನು ಹಿಡಿದಿಡುವ ಪಟ್ಟಿಗಳು ಎಲ್ಲ ಒತ್ತೊತ್ತಾಗಿ ಇವೆ. ಅದರಲ್ಲಿ ಇಂಥದ್ದೇ ನೋಯುತ್ತಿದೆ ಅಂತ ಬೆರಳಿಟ್ಟು ತೋರಿಸುವ ಪರೀಕ್ಷೆ ಇಲ್ಲ. ಸೊಂಟ ನೋವಿನ ಸುಮಾರು ಶೇಕಡಾ 90ರಷ್ಟು ಪ್ರಕರಣಗಳು ಹೀಗೆ ನಿರ್ದಿಷ್ಟ ಕಾರಣ ಹೇಳಲಾಗದ ಗುಂಪಿಗೇ ಸೇರುತ್ತವೆ ಅಂತ ವಿಶ್ವ ಆರೋಗ್ಯ ಸಂಸ್ಥೆಯೇ ಹೇಳುತ್ತೆ. ಡಾಕ್ಟರ್ ನೋಡಬೇಕಾದ್ದು, ಅಪಾಯದ ಕಾರಣ ಏನಾದರೂ ಇದೆಯಾ ಅನ್ನೋದು. ಮೂಳೆ ಮುರಿದಿದೆಯಾ, ನರಕ್ಕೆ ಜೋರಾಗಿ ಒತ್ತುತ್ತಿದೆಯಾ, ಬೆನ್ನುಮೂಳೆಗೆ ಟಿಬಿ ಬಂದಿದೆಯಾ, ಗಡ್ಡೆ ಇದೆಯಾ. ಇದ್ಯಾವುದೂ ಇಲ್ಲ ಅಂತ ಖಾತ್ರಿ ಮಾಡಿಕೊಂಡು 'ಲೋ ಬ್ಯಾಕ್ ಪೇನ್' ಅಂತ ಬರೆದಿದ್ದರೆ ಅದು ಪ್ರಾಮಾಣಿಕ ಬರಹ. ದೊಡ್ಡ ಹೆಸರಿನ ಕಾಯಿಲೆ ಬರೆದರೆ ಮಾತ್ರ ಒಳ್ಳೆ ಡಾಕ್ಟರ್ ಅನ್ನೋ ನಂಬಿಕೆ ನಮ್ಮ ಕಡೆ ಗಟ್ಟಿಯಾಗಿದೆ. ಅದರಿಂದ ಎಷ್ಟೋ ಜನ ಬೇಡದ ಆಪರೇಷನ್‌ವರೆಗೂ ಹೋಗುತ್ತಾರೆ, ನನಗೆ ನಿಜಕ್ಕೂ ಸಂಕಟ ಆಗೋದು ಅಲ್ಲೇ.

ಇನ್ನು ಎಂಆರ್‌ಐನಲ್ಲಿ ಬಂದ ಬಲ್ಜ್, ಅಂದರೆ ಸೊಂಟದ ನಾಲ್ಕನೇ, ಐದನೇ ಮೂಳೆಗಳ (ಎಲ್4-ಎಲ್5) ನಡುವಿನ ಮೆತ್ತೆಯಂಥ ಡಿಸ್ಕ್ ಸ್ವಲ್ಪ ಉಬ್ಬಿರೋದು. ಅದು ಸುಳ್ಳಲ್ಲ, ಇದೆ. ಆದರೆ ನೋವು ಅದರಿಂದಲೇ ಬಂತಾ ಅನ್ನೋದು ಬೇರೆ ಮಾತು. ಸೊಂಟ ನೋವೇ ಇಲ್ಲದ ಜನರ ಸ್ಕ್ಯಾನ್‌ಗಳನ್ನು ಒಟ್ಟು ಹಾಕಿ ಲೆಕ್ಕ ಮಾಡಿದಾಗ 20 ವರ್ಷದವರಲ್ಲಿ ಶೇ 30, 40 ವರ್ಷದವರಲ್ಲಿ ಶೇ 50, 80 ವರ್ಷದವರಲ್ಲಿ ಶೇ 84ರಷ್ಟು ಜನರಿಗೆ ಡಿಸ್ಕ್ ಬಲ್ಜ್ ಕಂಡಿದೆ. ನಿಮ್ಮ ವಯಸ್ಸಿನ ನೋವಿಲ್ಲದ ಗಂಡಸರನ್ನು ಸಾಲಾಗಿ ಮಲಗಿಸಿ ಸ್ಕ್ಯಾನ್ ಮಾಡಿದರೂ ಹೆಚ್ಚುಕಡಿಮೆ ಅರ್ಧ ಜನರ ರಿಪೋರ್ಟಿನಲ್ಲಿ ಇದೇ ಸಾಲು ಬರುತ್ತೆ. ಸ್ಕ್ಯಾನ್ ನೋಡಿದವರು ಕಂಡದ್ದನ್ನು ಬರೆಯುತ್ತಾರೆ. ಅದೇ ಕಾರಣವಾ ಅಂತ ತೀರ್ಮಾನ ಮಾಡಬೇಕಾದವರು ನಿಮ್ಮ ಕಾಲು ಎತ್ತಿ, ಪಾದ ಒತ್ತಿ, ಚುಚ್ಚಿ ನೋಡಿದ ಡಾಕ್ಟರ್. ಅವರು ಡಿಸ್ಕ್ ಅಂತ ಬರೆಯದಿದ್ದರೆ, ನಾವು ಕೋಡ್ ಹಾಕುವವರು ಸ್ಕ್ಯಾನ್ ರಿಪೋರ್ಟ್ ನೋಡಿ ಡಿಸ್ಕ್ ಕೋಡ್ ಹಾಕೋ ಹಾಗಿಲ್ಲ.

ಕೋಡ್ ರದ್ದಾಗಿದೆ ಅಂತ ನಿಮ್ಮ ಅಳಿಯ ಓದಿದ್ದು ನಿಜ, ಆದರೆ ಅದು ನಮ್ಮ ದೇಶದ ವಿಷಯ ಅಲ್ಲ. ವಿಶ್ವ ಆರೋಗ್ಯ ಸಂಸ್ಥೆಯ ಐಸಿಡಿ-10 ಅನ್ನುವ ಕಾಯಿಲೆ ಕೋಡ್‌ಗಳ ಪಟ್ಟಿಯನ್ನು ಅಮೆರಿಕದವರು ತಮಗೆ ಬೇಕಾದ ಹಾಗೆ ಬೆಳೆಸಿಕೊಂಡು ತಮ್ಮದೇ ಒಂದು ರೂಪ ಮಾಡಿಕೊಂಡಿದ್ದಾರೆ. ಅದರಲ್ಲಿ 2021ರ ಅಕ್ಟೋಬರ್ 1ರಿಂದ ಎಂ54.5 ಅನ್ನು ಒಡೆದು ಮೂರು ಮಾಡಿದರು. ಕಾರಣ ಹೇಳದ ಸೊಂಟ ನೋವಿಗೆ ಎಂ54.50, ಬೆನ್ನುಮೂಳೆಯಿಂದಲೇ ಹುಟ್ಟಿದ ನೋವಿಗೆ ಎಂ54.51, ಉಳಿದದ್ದಕ್ಕೆ ಎಂ54.59. ಅಲ್ಲಿ ಈಗ ಬರೀ ಎಂ54.5 ಅಂತ ಹಾಕಿದರೆ ಬಿಲ್ ವಾಪಸ್ ಬರುತ್ತೆ. ಇಂಟರ್‌ನೆಟ್ಟಿನಲ್ಲಿ ಕೋಡ್ ಹುಡುಕಿದರೆ ಮೊದಲು ಸಿಗೋದು ಅಮೆರಿಕದ ಪುಟಗಳೇ, ಅದಕ್ಕೇ ಈ ಗೊಂದಲ. ಇಲ್ಲಿನ ಆಸ್ಪತ್ರೆಗಳು ಬಳಸುವ ವಿಶ್ವ ಆರೋಗ್ಯ ಸಂಸ್ಥೆಯ ಮೂಲ ಐಸಿಡಿ-10ರಲ್ಲಿ ಎಂ54.5 ಈಗಲೂ ಪೂರ್ತಿ ಸರಿಯಾದ ಕೋಡ್. 2022ರ ಜನವರಿಯಿಂದ ಐಸಿಡಿ-11 ಅನ್ನುವ ಹೊಸ ಪಟ್ಟಿ ಕೂಡ ಜಾರಿಗೆ ಬಂದಿದೆ, ಅದರಲ್ಲಿ ಸೊಂಟ ನೋವಿಗೆ ಎಂಇ84.2. ಮುಂದೆಂದೋ ನಿಮ್ಮ ಕಾಗದದಲ್ಲಿ ಅದು ಕಂಡರೆ ಗಾಬರಿ ಬೇಡ.

ನಿಮಗೆ ಹಾಕಿದ ಕೋಡ್ ಇನ್ನೂ ವಾಸಿ. ಇದಕ್ಕಿಂತ ಮಸುಕಾದದ್ದು ಎಂ54.9. ಬೆನ್ನಿನಲ್ಲಿ ಎಲ್ಲೋ ನೋವು ಅನ್ನೋದು ಬಿಟ್ಟು ಅದು ಬೇರೇನೂ ಹೇಳಲ್ಲ. ನಮ್ಮ ಕಡೆ ಅದು ಯಾಕೆ ಅಷ್ಟೊಂದು ಬೀಳುತ್ತೆ ಗೊತ್ತಾ? ಓಪಿಡಿಯಲ್ಲಿ ಕಿಕ್ಕಿರಿದ ಜನ. ರೋಗಿ 'ಬೆನ್ನು ಬ್ಯಾನಿ ಸಾರ್' ಅನ್ನುತ್ತಾರೆ, ಚೀಟಿಯಲ್ಲಿ 'ಬ್ಯಾಕ್ ಪೇನ್' ಅಂತ ಎರಡು ಪದ ಬೀಳುತ್ತೆ, ಅಷ್ಟೇ. ಕುತ್ತಿಗೆಯ ಹತ್ತಿರವಾ, ನಡದಲ್ಲಾ, ಕಾಲಿಗೆ ಇಳಿಯುತ್ತಾ ಅನ್ನೋದು ಕಾಗದದ ಮೇಲೆ ಬರೋದೇ ಇಲ್ಲ. ಕಾಗದದಲ್ಲಿ ಇಲ್ಲದ್ದು ಕೋಡಿಗೂ ಬರಲ್ಲ.

ನಿಮ್ಮ ಪ್ರಶ್ನೆಯ ತಿರುಳು ಇರೋದು ಇಲ್ಲೇ ಅಂತ ನನಗನ್ನಿಸುತ್ತೆ. ನೀವು ಕೋಡ್ ಹಿಡಿದುಕೊಂಡು ಒದ್ದಾಡುತ್ತಿದ್ದೀರಿ. ನೋಡಬೇಕಾದ್ದು ಕೇಸ್ ಶೀಟ್. ನಿಮ್ಮಂಥ ರೋಗಿಯ ಫೈಲು ಎರಡು ಥರ ಇರಬಹುದು. ಒಂದರಲ್ಲಿ ಹೀಗಿರುತ್ತೆ: 'ಬ್ಯಾಕ್ ಪೇನ್ 3 ದಿನ. ಅಡ್ಮಿಟ್. ಎಂಆರ್‌ಐ.' ಇನ್ನೊಂದರಲ್ಲಿ: 'ಚೀಲ ಎತ್ತಿದ ಮೇಲೆ ಸೊಂಟದ ಕೆಳಭಾಗದಲ್ಲಿ ತೀವ್ರ ನೋವು. ಮಾತ್ರೆಗೆ ಬಗ್ಗಿಲ್ಲ. ಇಬ್ಬರು ಹಿಡಿದರೂ ನಿಲ್ಲಲಾಗುತ್ತಿಲ್ಲ. ಬಲಗಾಲಿನ ಮೀನಖಂಡದ ಪಕ್ಕದಿಂದ ಹೆಬ್ಬೆರಳಿನವರೆಗೆ ಜುಮು ಜುಮು. ಕಾಲು ನೇರವಾಗಿ 40 ಡಿಗ್ರಿ ಎತ್ತಿದಾಗ ನೋವು ಕಾಲಿಗೆ ಇಳಿಯುತ್ತೆ. ಮೂತ್ರ ಸರಿಯಾಗಿ ಆಗುತ್ತಿದೆ. ರಕ್ತನಾಳದ ಮೂಲಕ ನೋವಿನ ಇಂಜೆಕ್ಷನ್ ಶುರು.' ಎರಡೂ ಒಂದೇ ಮನುಷ್ಯನದ್ದೇ ಇರಬಹುದು. ಮೊದಲನೆಯದಕ್ಕೆ ಎಂ54.9 ಬಿಟ್ಟು ಬೇರೆ ದಾರಿಯಿಲ್ಲ. ಎರಡನೆಯದನ್ನು ಓದಿದರೆ, ಡಾಕ್ಟರ್ ಸಯಾಟಿಕಾ (ಸೊಂಟದಿಂದ ಕಾಲಿಗೆ ಇಳಿಯುವ ನರದ ನೋವು) ಅಂತ ಬರೆದಿದ್ದರೆ ಎಂ54.4, ಡಿಸ್ಕ್ ನರಕ್ಕೆ ಒತ್ತಿದೆ ಅಂತ ಬರೆದಿದ್ದರೆ ಎಂ51.1. ಎಲ್ಲಕ್ಕಿಂತ ಮುಖ್ಯ, ಈ ಮನುಷ್ಯನನ್ನು ಯಾಕೆ ಅಡ್ಮಿಟ್ ಮಾಡಿಕೊಂಡರು ಅನ್ನೋದು ಓದಿದವರಿಗೆ ತಾನೇ ತಿಳಿಯುತ್ತೆ.

ನಿಮ್ಮ ಕ್ಲೇಮ್ ಬಿದ್ದಿರೋದು ಈ 'ಯಾಕೆ' ಅನ್ನೋದರ ಮೇಲೆ. ಎಕ್ಸ್‌ಕ್ಲೂಷನ್ ಕೋಡ್ 04 ಎಲ್ಲ ಕಂಪನಿಗಳ ಪಾಲಿಸಿಯಲ್ಲೂ ಇರುವ ಒಂದೇ ಥರದ ಷರತ್ತು. ಮುಖ್ಯವಾಗಿ ಪರೀಕ್ಷೆಗೋಸ್ಕರ ಮಾತ್ರ ಅಡ್ಮಿಟ್ ಆಗಿದ್ದರೆ ದುಡ್ಡು ಕೊಡಲ್ಲ ಅನ್ನೋದು ಅದರ ಸಾರಾಂಶ. ಎಂಆರ್‌ಐ ಮಾಡಿಸೋಕೆ ಜನರನ್ನು ಸುಮ್ನೆ ಒಂದು ರಾತ್ರಿ ಮಲಗಿಸಿ ಬಿಲ್ ಮಾಡುವ ಅಭ್ಯಾಸ ಕೆಲವು ಕಡೆ ಇದೆ, ಅದನ್ನು ತಡೆಯೋಕೆ ಈ ಷರತ್ತು ಬೇಕು ಅಂತಲೇ ನಾನೂ ಹೇಳುತ್ತೇನೆ. ಆದರೆ ನಿಮಗೆ ಎದ್ದು ನಿಲ್ಲೋಕೆ ಆಗದೆ, ಮಾತ್ರೆ ಕೆಲಸ ಮಾಡದೆ, ಎರಡು ದಿನ ಇಂಜೆಕ್ಷನ್ ಚಿಕಿತ್ಸೆ ನಡೆದಿದ್ದರೆ ಅದು 'ಬರೀ ಪರೀಕ್ಷೆ' ಆಗಲ್ಲ. ಇದನ್ನು ತೋರಿಸುವ ಕಾಗದ ನಿಮ್ಮ ಸಮ್ಮರಿಯಲ್ಲಿಲ್ಲ, ಕೇಸ್ ಶೀಟಿನ ಒಳಗಿದೆ. ಯಾವ ಇಂಜೆಕ್ಷನ್ ಎಷ್ಟು ಹೊತ್ತಿಗೆ ಕೊಟ್ಟರು ಅನ್ನುವ ಡ್ರಗ್ ಚಾರ್ಟ್, ನರ್ಸ್‌ಗಳು ಪಾಳಿಗೊಮ್ಮೆ ಬರೆಯುವ ನೋಟ್ಸ್, ಡಾಕ್ಟರ್ ರೌಂಡ್ಸ್ ಬರಹ. ಸಮ್ಮರಿಯ ಒಂದು ಪುಟ ನೋಡಿ ಕ್ಲೇಮ್ ತಳ್ಳಿದ್ದಾರೆ ಅಂತಾದರೆ ವಾದಕ್ಕೆ ಜಾಗ ಇದೆ.

ಈಗ ಆ ಬಿಲ್ಲಿಂಗ್ ಕೌಂಟರಿನವರ ಮಾತು. ದಯವಿಟ್ಟು ಬೇಡ. ಕೋಡ್ ಅನ್ನೋದು ಡಾಕ್ಟರ್ ಬರೆದದ್ದರ ಗುರುತು ಅಷ್ಟೇ. ಬರಹ ಹಾಗೇ ಇದ್ದು ಕೋಡ್ ಮಾತ್ರ ಬದಲಾದರೆ, ಕಂಪನಿಯವರು ಎರಡು ಸಮ್ಮರಿ ಪಕ್ಕಪಕ್ಕ ಇಟ್ಟ ಕೂಡಲೇ ಸಿಕ್ಕಿಬೀಳುತ್ತೆ. ಮೊದಲನೆಯ ಸಮ್ಮರಿ ಅವರ ಹತ್ತಿರ ಈಗಾಗಲೇ ಇದೆ, ಮರೆಯಬೇಡಿ. ವಂಚನೆ ಅಂತ ಆದರೆ ಪಾಲಿಸಿಯನ್ನೇ ರದ್ದು ಮಾಡುವ ಹಕ್ಕು ಅವರಿಗಿದೆ. ಐದು ವರ್ಷ ಸತತವಾಗಿ ಪಾಲಿಸಿ ನಡೆಸಿದವರ ಕ್ಲೇಮನ್ನು ಹಳೆ ಮಾಹಿತಿ ಮುಚ್ಚಿಟ್ಟಿರಿ ಅಂತ ಕೆದಕುವ ಹಾಗಿಲ್ಲ ಅನ್ನುವ ನಿಯಮ ಬಂದಿದೆಯಲ್ಲ, ಅದೂ ವಂಚನೆಗೆ ರಕ್ಷಣೆ ಕೊಡಲ್ಲ.

ಇನ್ನೊಂದು, ಇದನ್ನು ಕೌಂಟರಿನವರು ಹೇಳಲ್ಲ. ನಿಮ್ಮ ಪಾಲಿಸಿಗೆ 14 ತಿಂಗಳು. ಬಹಳಷ್ಟು ಪಾಲಿಸಿಗಳಲ್ಲಿ ಡಿಸ್ಕ್ ಜಾರುವ ಕಾಯಿಲೆ 24 ತಿಂಗಳ ವೇಟಿಂಗ್ ಪಟ್ಟಿಯಲ್ಲಿರುತ್ತೆ, ಹರ್ನಿಯಾ, ಕ್ಯಾಟರಾಕ್ಟ್ ಇದ್ದ ಹಾಗೇ. ಅಂದರೆ ಪಾಲಿಸಿ ಮಾಡಿಸಿ ಅಷ್ಟು ತಿಂಗಳು ಆಗುವವರೆಗೆ ಆ ಕಾಯಿಲೆಗೆ ಕ್ಲೇಮ್ ಸಿಗಲ್ಲ. ಪಟ್ಟಿಯಲ್ಲಿರುವ ಕಾಯಿಲೆಗೆ 36 ತಿಂಗಳವರೆಗೂ ಕಾಯಿಸಲು ನಿಯಮದಲ್ಲಿ ಅವಕಾಶ ಇದೆ. ನಿಮ್ಮ ಪಾಲಿಸಿಯ ಪುಸ್ತಕ ತೆಗೆದು 'ಎಕ್ಸ್‌ಕ್ಲೂಷನ್ ಕೋಡ್ 02' ಅನ್ನುವ ಪುಟ ಓದಿ, ಈ ವೇಟಿಂಗ್ ಪಟ್ಟಿ ಇರೋದು ಅಲ್ಲೇ. ಅಲ್ಲಿ ಡಿಸ್ಕ್ ಅಂತಿದ್ದರೆ, ಕೋಡ್ ಬದಲಾಯಿಸಿ ನೀವು 04ರಿಂದ ತಪ್ಪಿಸಿಕೊಂಡು ನೇರ 02ಕ್ಕೆ ಹೋಗಿ ಬೀಳುತ್ತೀರಿ. ಕ್ಲೇಮೂ ಸಿಗಲ್ಲ, ಮೈಮೇಲೆ ಡಿಸ್ಕ್ ಕಾಯಿಲೆಯ ಮುದ್ರೆಯೂ ಬೀಳುತ್ತೆ. ಅಪಘಾತದಿಂದ ಆದದ್ದಕ್ಕೆ ಈ ವೇಟಿಂಗ್ ಅನ್ವಯ ಆಗಲ್ಲ ಅನ್ನೋದು ನಿಜ. ನೀವು ಚೀಲ ಹೊತ್ತು ಜಾರಿ ಬಿದ್ದಿದ್ದರೆ, ಅದು ಅಡ್ಮಿಶನ್ ನೋಟ್ಸ್‌ನಲ್ಲಿ ಇದ್ದಿದ್ದರೆ, ಅದಕ್ಕೆ ಬೇರೆಯೇ ಕೋಡ್, ಎಸ್33.5, ಸೊಂಟದ ಉಳುಕು. ಆದರೆ ನೀವು ಬಿದ್ದೆ ಅಂತ ಬರೆದಿಲ್ಲ, ಎತ್ತುವಾಗ ಹಿಡಿಯಿತು ಅಂತ ಬರೆದಿದ್ದೀರಿ. ಇಲ್ಲದ ಬೀಳುವಿಕೆಯನ್ನು ಈಗ ಸೇರಿಸಬೇಡಿ.

ಹಾಗಾದರೆ ಮಾಡೋದೇನು? ಮೊದಲು ಆಸ್ಪತ್ರೆಯ ರೆಕಾರ್ಡ್ಸ್ ವಿಭಾಗಕ್ಕೆ ಒಂದು ಅರ್ಜಿ ಬರೆದು ಪೂರ್ತಿ ಕೇಸ್ ಶೀಟಿನ ಪ್ರತಿ ಕೇಳಿ. ವೈದ್ಯಕೀಯ ಮಂಡಳಿಯ 2002ರ ನಿಯಮದ ಪ್ರಕಾರ ದಾಖಲೆಯನ್ನು ಮೂರು ವರ್ಷ ಇಟ್ಟಿರಬೇಕು, ರೋಗಿ ಕೇಳಿದ 72 ಗಂಟೆಯೊಳಗೆ ಕೊಡಬೇಕು. ನಾಳೆ ಬಾ, ನಾಡಿದ್ದು ಬಾ ಅಂತ ಓಡಾಡಿಸಿದರೆ ಈ ನಿಯಮದ ಹೆಸರು ಹೇಳಿ ಅರ್ಜಿಗೆ ಸೀಲ್ ಹಾಕಿಸಿಕೊಳ್ಳಿ, ಕೆಲಸ ಬೇಗ ಆಗುತ್ತೆ. ಅಡ್ಮಿಶನ್ ದಿನದ ನೋಟ್ಸ್‌ನಲ್ಲಿ ನಿಲ್ಲಲಾಗುತ್ತಿರಲಿಲ್ಲ, ಮಾತ್ರೆ ಫಲ ಕೊಟ್ಟಿರಲಿಲ್ಲ ಅಂತ ಇದ್ದು ಅದು ಸಮ್ಮರಿಗೆ ಬಂದಿಲ್ಲದಿದ್ದರೆ, ನೋಡಿದ ಡಾಕ್ಟರ್ ಹತ್ತಿರ ಹೋಗಿ ಒಂದು ವಿವರಣಾ ಪತ್ರ ಕೇಳಿ. ಯಾಕೆ ಅಡ್ಮಿಟ್ ಮಾಡಿದೆ, ಯಾವ ಚಿಕಿತ್ಸೆ ಕೊಟ್ಟೆ, ಓಪಿಡಿಯಲ್ಲಿ ಅದು ಯಾಕೆ ಆಗುತ್ತಿರಲಿಲ್ಲ. ಪತ್ರಕ್ಕೆ ಇವತ್ತಿನ ತಾರೀಕು ಇರಲಿ, ಸಹಿ ಸೀಲು ಇರಲಿ. ಹಳೆ ತಾರೀಕು ಹಾಕಿ ಹೊಸ ಸಮ್ಮರಿ ಮಾಡಿಕೊಡ್ತೀನಿ ಅಂದರೆ ಅದು ಬೇಡ ಅನ್ನಿ. ಇದ್ದ ವಿಷಯವನ್ನು ನಂತರ ಸ್ಪಷ್ಟಪಡಿಸೋದು ತಪ್ಪಲ್ಲ, ಇಲ್ಲದ್ದನ್ನು ಹಿಂದಕ್ಕೆ ಹೋಗಿ ತುಂಬೋದು ತಪ್ಪು.

ಅದನ್ನೆಲ್ಲ ಲಗತ್ತಿಸಿ ಕಂಪನಿಯ ದೂರು ವಿಭಾಗಕ್ಕೆ ಮರುಪರಿಶೀಲನೆಗೆ ಬರೆಯಿರಿ. ವಿಮಾ ನಿಯಂತ್ರಣ ಪ್ರಾಧಿಕಾರದ 'ಬಿಮಾ ಭರೋಸಾ' ಪೋರ್ಟಲ್‌ನಲ್ಲೂ ದೂರು ದಾಖಲಿಸಬಹುದು. ಒಂದು ತಿಂಗಳಲ್ಲಿ ಉತ್ತರ ಬರದಿದ್ದರೆ, ಅಥವಾ ಬಂದ ಉತ್ತರ ಸಮಾಧಾನ ಕೊಡದಿದ್ದರೆ ವಿಮಾ ದೂರುಗಳನ್ನು ವಿಚಾರಿಸುವ ಬೆಂಗಳೂರಿನ ವಿಮಾ ಓಂಬುಡ್ಸ್‌ಮನ್ ಕಚೇರಿಗೆ ಹೋಗಬಹುದು. ಫೀಸ್ ಇಲ್ಲ, ವಕೀಲರು ಬೇಕಿಲ್ಲ, ಕಂಪನಿಯ ಉತ್ತರ ಬಂದ ಒಂದು ವರ್ಷದೊಳಗೆ ಹಾಕಬೇಕು. ಗೆದ್ದೇ ಗೆಲ್ಲುತ್ತೀರಿ ಅಂತ ನಾನು ಹೇಳಲ್ಲ. ಡ್ರಗ್ ಚಾರ್ಟಿನಲ್ಲಿ ದಿನಕ್ಕೆ ಒಂದು ನೋವಿನ ಮಾತ್ರೆ ಬಿಟ್ಟು ಬೇರೇನೂ ಇಲ್ಲದಿದ್ದರೆ ಕಂಪನಿಯ ವಾದವೇ ಗಟ್ಟಿ, ಆಗ ಓಡಾಟದ ಖರ್ಚು ಲೆಕ್ಕ ಹಾಕಿ ಬಿಟ್ಟುಬಿಡೋದೂ ಒಂದು ದಾರಿ. ಫೈಲು ಕೈಗೆ ಬಂದ ಮೇಲೆ ತೀರ್ಮಾನ ಮಾಡಿ.

ಕಾಲು ಜುಮ್ ಅಂದದ್ದನ್ನು ನೀವು ಕೊನೆಗೆ ಸಣ್ಣದಾಗಿ ಬರೆದಿದ್ದೀರಿ. ನನಗೆ ಇಡೀ ಪತ್ರದಲ್ಲಿ ಮುಖ್ಯ ಅನ್ನಿಸಿದ್ದು ಅದೇ. ಅದನ್ನು ಡಾಕ್ಟರ್‌ಗೆ ಹೇಳಲೇಬೇಕು, ಕ್ಲೇಮ್‌ಗೋಸ್ಕರ ಅಲ್ಲ, ನಿಮಗೋಸ್ಕರ. ಮತ್ತೆ ಓಪಿಡಿಗೆ ಹೋಗಿ, ಎಲ್ಲಿಂದ ಶುರುವಾಗಿ ಎಲ್ಲಿಯವರೆಗೆ ಇಳಿಯುತ್ತೆ, ಕೂತಾಗ ಜಾಸ್ತಿಯಾ, ಕೆಮ್ಮಿದಾಗ ಎಳೆಯುತ್ತಾ ಅಂತ ಬಿಡಿಸಿ ಹೇಳಿ. ನರದ ತೊಂದರೆ ಅಂತ ಅವರಿಗೆ ಕಂಡರೆ ಇವತ್ತಿನ ಚೀಟಿಯಲ್ಲಿ ಇವತ್ತಿನ ರೋಗನಿರ್ಣಯ ಬರುತ್ತೆ, ಅದರ ಕೋಡ್ ಕೂಡ ಇವತ್ತಿನದ್ದು. ಹೋದ ತಿಂಗಳ ಅಡ್ಮಿಶನ್‌ಗೆ ಅದನ್ನು ಹಚ್ಚೋಕೆ ಬರಲ್ಲ. ಇನ್ನೊಬ್ಬರ ಅಭಿಪ್ರಾಯ ಬೇಕು ಅಂದರೆ ಕೊಪ್ಪಳದ ಸರ್ಕಾರಿ ಮೆಡಿಕಲ್ ಕಾಲೇಜು ಆಸ್ಪತ್ರೆ ಇದೆ, ಬಳ್ಳಾರಿಯಲ್ಲಿ ಎಲ್ಲರೂ ವಿಮ್ಸ್ ಅಂತ ಕರೆಯುವ ಆಸ್ಪತ್ರೆ ಇದೆ. ಎರಡೂ ಕಡೆ ಮೂಳೆ ವಿಭಾಗಕ್ಕೆ ಎಂಆರ್‌ಐ ಫಿಲ್ಮ್ ಸಮೇತ ಹೋಗಿ.

ಕಾಯದೆ ಓಡಬೇಕಾದ ಲಕ್ಷಣಗಳೂ ಇವೆ. ಮೂತ್ರ ಕಟ್ಟಿಕೊಂಡರೆ ಅಥವಾ ಗೊತ್ತಿಲ್ಲದೆ ಹೋದರೆ, ಕುಂಡಿ ತೊಡೆಸಂದಿ ಮರಗಟ್ಟಿದರೆ, ಪಾದ ಎತ್ತಿ ಇಡೋಕೆ ಆಗದಿದ್ದರೆ ಆ ರಾತ್ರಿಯೇ ದೊಡ್ಡಾಸ್ಪತ್ರೆಗೆ ಹೋಗಬೇಕು. ಜ್ವರ, ತೂಕ ಇಳಿಯೋದು, ಮಲಗಿದರೂ ಬಿಡದ ರಾತ್ರಿ ನೋವು ಇದ್ದರೆ ಬೆನ್ನುಮೂಳೆಯ ಟಿಬಿ ಇದೆಯಾ ಅಂತ ನೋಡಬೇಕಾಗುತ್ತೆ. ಮನೆಯಲ್ಲಿ ಕುರಿ ಆಡು ಇದ್ದು ಬಿಟ್ಟು ಬಿಟ್ಟು ಜ್ವರ ಬರುತ್ತಿದ್ದರೆ ಅದನ್ನೂ ಹೇಳಿ, ಬ್ರುಸೆಲ್ಲಾ ಅನ್ನುವ ಸೋಂಕು ಸೊಂಟ ನೋವಾಗಿಯೇ ಶುರುವಾಗಬಹುದು. ನಮ್ಮ ಬಿಸಿಲಿಗೆ ಕಿಡ್ನಿ ಕಲ್ಲೂ ಜಾಸ್ತಿ. ಒಂದೇ ಪಕ್ಕೆಯಿಂದ ತೊಡೆಸಂದಿಗೆ ಅಲೆಅಲೆಯಾಗಿ ಇಳಿಯುವ ನೋವು ನಡದ ನೋವಲ್ಲ. ಇವೆಲ್ಲಕ್ಕೂ ಬೇರೆ ಬೇರೆ ಕೋಡ್‌ಗಳಿವೆ. ಆ ಕೋಡ್ ಬೀಳಬೇಕಾದ ಜಾಗದಲ್ಲಿ ಎಂ54.5 ಬಿದ್ದರೆ ಮಾತ್ರ ಅದು ನಿಜವಾದ ತಪ್ಪು.

ಕೊನೆಗೆ ರಿನ್ಯೂವಲ್. ಪಾಲಿಸಿ ತೆಗೆದ ಮೇಲೆ ಮೊದಲ ಸಲ ಬಂದ ನೋವು 'ಮುಂಚಿನ ಕಾಯಿಲೆ' ಆಗಲ್ಲ. ಒಂದು ಕ್ಲೇಮ್ ಹಾಕಿದಿರಿ ಅನ್ನುವ ಕಾರಣಕ್ಕೆ ಅದೇ ಕಂಪನಿ ರಿನ್ಯೂ ಮಾಡಲ್ಲ ಅನ್ನೋ ಹಾಗೂ ಇಲ್ಲ. ಕಂತು ತಪ್ಪದೆ ಕಟ್ಟಿ, ವೇಟಿಂಗ್ ಅವಧಿ ಓಡುತ್ತಿರಲಿ. ಬೇರೆ ಕಂಪನಿಗೆ ಹೋದರೆ, ಅಥವಾ ಹೊಸ ಪಾಲಿಸಿ ಮಾಡಿಸಿದರೆ ಮಾತ್ರ ಈ ಅಡ್ಮಿಶನ್ ಬಗ್ಗೆ ಫಾರಂನಲ್ಲಿ ಬರೆಯಲೇಬೇಕು, ಏಜೆಂಟ್ ಬೇಡ ಅಂದರೂ. ಸಮ್ಮರಿಯ ಪ್ರತಿ ಜೊತೆಗಿಡಿ. ಚೀಲ ಎತ್ತಿ ಸೊಂಟ ಹಿಡಿದಿತ್ತು, ಎರಡು ದಿನ ಇಂಜೆಕ್ಷನ್ ಆಯಿತು, ಎಂ54.5 ಅಂತ ಓದಿದರೆ ಹೊಸ ಕಂಪನಿಯವರು ಒಂದೆರಡು ಪ್ರಶ್ನೆ ಕೇಳಿ ಮುಂದೆ ಹೋಗುವ ಸಾಧ್ಯತೆ ಹೆಚ್ಚು. ಅದೇ ಜಾಗದಲ್ಲಿ ಡಿಸ್ಕ್ ಕೋಡ್ ಇದ್ದರೆ ಬೆನ್ನುಮೂಳೆಗೆ ಸಂಬಂಧಿಸಿದ್ದೆಲ್ಲ ಮೂರು ವರ್ಷದವರೆಗೆ ಹೊರಗೆ ಇಡಬಹುದು, ಪ್ರೀಮಿಯಂ ಏರಿಸಬಹುದು.